ಅಂಚೆ ಕಚೇರಿಯ ಆಧಾರ್ ಕೌಂಟರ್: ಪುಣೆಯಲ್ಲಿ ಅತ್ತೆಯ ಹೆಸರು ತಿದ್ದಿಸಿದ್ದು

ಆಧಾರ್ ತಿದ್ದಿಸಲು ಪುಣೆಯಲ್ಲಿ ಎಲ್ಲಿಗೆ ಹೋಗೋದು ಅಂತ ಯಾರಾದರೂ ಕೇಳಿದರೆ ನಾನು ಅಂಚೆ ಕಚೇರಿ ಅಂತಲೇ ಹೇಳುತ್ತೇನೆ. ನಾವು ಹೋಗಿದ್ದು ಹಡಪಸರ ಕಡೆಯ ಒಂದು ಸಣ್ಣ ಅಂಚೆ ಕಚೇರಿಗೆ. ಒಂದೇ ಮಷಿನ್, ಒಬ್ಬರೇ ಆಪರೇಟರ್. ಆದರೆ ಅವರು ಕೆಲಸ ಮಾಡಿದ ರೀತಿ ನೋಡಿ ತುಂಬಾ ಖುಷಿಯಾಯಿತು.

ನಮ್ಮ ಅತ್ತೆ ವಿಜಯಪುರ ಜಿಲ್ಲೆಯವರು. ಮಾವ ತೀರಿಕೊಂಡ ಮೇಲೆ ನಮ್ಮ ಜೊತೆ ಇಲ್ಲೇ ಇದ್ದಾರೆ. ಅವರ ಹೆಸರಿನ ಕೊನೆಯ 'ವ್ವ'ಗೆ ವೋಟರ್ ಕಾರ್ಡ್‌ನಲ್ಲೂ ಬ್ಯಾಂಕ್ ಪಾಸ್‌ಬುಕ್‌ನಲ್ಲೂ ಎರಡು 'ವಿ' ಇದೆ. ಆಧಾರ್‌ನಲ್ಲಿ ಎರಡು 'ಡಬ್ಲ್ಯೂ'. ಊರಲ್ಲಿ ಇದ್ದಷ್ಟು ದಿನ ಯಾರೂ ಇದನ್ನು ಕೇಳಿರಲಿಲ್ಲ. ಮಾವನ ಫ್ಯಾಮಿಲಿ ಪೆನ್ಶನ್‌ಗೆ ಅರ್ಜಿ ಹಾಕಿದಾಗ ಕಾಗದ ವಾಪಸ್ ಬಂತು. ನಮ್ಮ ಕಡೆಯ ಎಷ್ಟೋ ಹೆಂಗಸರ ಹೆಸರು ಒಂದೊಂದು ಕಡೆ ಒಂದೊಂದು ಥರ ಬರೆದಿರುತ್ತದೆ. ದುಡ್ಡು ಬೇಕಾದ ಹೊತ್ತಿಗೇ ಅದು ಅಡ್ಡ ಬರುತ್ತದೆ.

ಮೊದಲು ಮನೆ ಹತ್ತಿರದ ಒಂದು ಝೆರಾಕ್ಸ್ ಅಂಗಡಿಯಲ್ಲಿ ವಿಚಾರಿಸಿದೆವು. 800 ರೂಪಾಯಿ ಕೇಳಿದರು. ಕಾರ್ಡ್ ಬಿಟ್ಟು ಹೋಗಿ, ಅಜ್ಜಿ ಬರೋದೇ ಬೇಡ ಅಂದರು. ನನಗೆ ಸರಿ ಕಾಣಲಿಲ್ಲ. ಆಧಾರ್‌ನಲ್ಲಿ ಹೆಸರು ತಿದ್ದಲು ಜೀವಮಾನದಲ್ಲಿ ಸಿಗುವುದು 2 ಅವಕಾಶ. ಹುಟ್ಟಿದ ತಾರೀಖಿಗೆ ಒಂದೇ. ಯಾರೋ ಗಡಿಬಿಡಿಯಲ್ಲಿ ಟೈಪ್ ಮಾಡಿ ಮತ್ತೊಂದು ಅಕ್ಷರ ತಪ್ಪಾದರೆ ಒಂದು ಅವಕಾಶ ಸುಮ್ನೆ ಹೋಯ್ತು ಅಲ್ವಾ?

ಅಂಚೆ ಕಚೇರಿಯಲ್ಲಿ ಹೆಸರು, ವಿಳಾಸ ಎರಡನ್ನೂ ಒಟ್ಟಿಗೆ ತಿದ್ದಿಸಿದೆವು. ತೆಗೆದುಕೊಂಡಿದ್ದು 75 ರೂಪಾಯಿ, ರಸೀದಿ ಸಮೇತ. ಮೊದಲು 50 ಇತ್ತು, 2025ರ ಅಕ್ಟೋಬರ್ 1ರಿಂದ 75 ಆಗಿದೆ. ಒಂದೇ ಸಲಕ್ಕೆ ಇಂಥ ಎರಡು ವಿವರ ತಿದ್ದಿಸಿದರೂ ಅಷ್ಟೇ ಫೀ, ಹಾಗಾಗಿ ಇರೋದನ್ನೆಲ್ಲ ಒಟ್ಟಿಗೆ ಮುಗಿಸಿ. ಬೆರಳಚ್ಚು, ಫೋಟೊ ಹೊಸದಾಗಿ ಕೊಡುವುದಾದರೆ 125. ಹೆಸರಿಗೆ ವೋಟರ್ ಕಾರ್ಡ್ ಕೊಟ್ಟೆವು, ವಿಳಾಸಕ್ಕೆ ಇಲ್ಲಿನ ರೇಷನ್ ಕಾರ್ಡ್. ಒರಿಜಿನಲ್ಲೇ ಬೇಕು. ಸ್ಕ್ಯಾನ್ ಮಾಡಿ ವಾಪಸ್ ಕೊಡುತ್ತಾರೆ.

ಅತ್ತೆಯ ಬೆರಳಿನ ಗೆರೆ ಹೊಲದ ಕೆಲಸದಲ್ಲಿ ಸವೆದು ಹೋಗಿದೆ. ಕಾರ್ಡ್ ಇವರದ್ದೇ ಅಂತ ಖಚಿತಪಡಿಸಲು ಬೆರಳು ಇಡಿಸಿದರೆ ಮಷಿನ್ ತೆಗೆದುಕೊಳ್ಳಲಿಲ್ಲ. ಆಪರೇಟರ್ ಒದ್ದೆ ಬಟ್ಟೆಯಲ್ಲಿ ಬೆರಳು ಒರೆಸಿ, ಮತ್ತೆ ಇಡಿಸಿ ನೋಡಿದರು. ಆಗಲೂ ಆಗಲಿಲ್ಲ. "ಆಜಿ, ಘಾಬರೂ ನಕಾ" (ಅಜ್ಜಿ, ಗಾಬರಿಯಾಗಬೇಡಿ) ಅಂತ ಮರಾಠಿಯಲ್ಲಿ ಹೇಳಿ ಕಣ್ಣಿನ ಸ್ಕ್ಯಾನ್ ತೆಗೆದರು. ಹಿಂದಿನ ಸಾಲಿನವರು ಗೊಣಗುತ್ತಿದ್ದರೂ ಅವರು ಅವಸರ ಮಾಡಲಿಲ್ಲ.

ಆಮೇಲೆ ಮಾಡಿದ್ದು ನನಗೆ ಎಲ್ಲಕ್ಕಿಂತ ಹಿಡಿಸಿತು. ಸೇವ್ ಒತ್ತುವ ಮೊದಲು ವೋಟರ್ ಕಾರ್ಡ್ ಮೇಲೆ ಬೆರಳಿಟ್ಟು, ಒಂದೊಂದೇ ಅಕ್ಷರ ಜೋರಾಗಿ ಓದುತ್ತಾ ಸ್ಕ್ರೀನ್ ಜೊತೆ ತಾಳೆ ನೋಡಿದರು. ನಮ್ಮ ಕಾರ್ಡ್‌ನಲ್ಲಿ ಕನ್ನಡ ಇದ್ದ ಜಾಗಕ್ಕೆ ಮರಾಠಿ ಬರುವುದಿತ್ತು. ಆ ಸಾಲಿನಲ್ಲಿ ಕಂಪ್ಯೂಟರ್ 'ವ್ವ'ವನ್ನು ತಾನಾಗಿಯೇ 'ವ್ವಾ' ಮಾಡಿತ್ತು. ಹೆಸರು ಹೇಗೆ ಕರೀತೀರಿ ಅಂತ ಕೇಳಿದರು. ನಾನು ಅತ್ತೆಗೆ, "ನಿಮ್ಮ ಹೆಸರು ನೀವೇ ಹೇಳ್ರಿ ಅತ್ತಿ" ಅಂದೆ. ಅತ್ತೆ ಹೇಳಿದರು. ಅದನ್ನು ಕೇಳಿಸಿಕೊಂಡು ಆ ಕಾನಾ, ಅಂದರೆ 'ವ್ವಾ' ಮಾಡುವ ದೀರ್ಘದ ಗೆರೆ, ತೆಗೆದರು. ಓದು ಬಾರದವರ ಹೆಸರನ್ನು ಅವರ ಬಾಯಿಂದಲೇ ಕೇಳಿ ಬರೆಯುವುದು ಎಷ್ಟು ದೊಡ್ಡ ಕೆಲಸ! ಇಷ್ಟು ಮಾಡಿದರೆ ಅರ್ಧ ತಪ್ಪುಗಳು ಹುಟ್ಟುವುದೇ ಇಲ್ಲ ಅಂತ ನನ್ನ ನಂಬಿಕೆ.

ರಸೀದಿ ಜೋಪಾನವಾಗಿ ಇಟ್ಟುಕೊಳ್ಳಿ. ಅದರಲ್ಲಿರುವ ಎನ್‌ರೋಲ್‌ಮೆಂಟ್ ನಂಬರ್‌ನಿಂದ ಕೆಲಸ ಎಲ್ಲಿಗೆ ಬಂತು ಅಂತ ನೋಡಬಹುದು. ಮರಾಠಿ, ಹಿಂದಿ ಬಾರದವರು 1947ಕ್ಕೆ ಫೋನ್ ಮಾಡಿ, ಅಲ್ಲಿ ಕನ್ನಡದಲ್ಲೂ ಮಾತಾಡುತ್ತಾರೆ. ಇಲ್ಲಿ ಹೊಸದಾಗಿ ಬಂದಿರುವ ನಮ್ಮವರಲ್ಲಿ ಇದು ಗೊತ್ತಿರುವವರು ಕಡಿಮೆ. ನಮ್ಮದು ಸರಿಯಾಗಿದೆ ಅಂತ ಮೆಸೇಜ್ ಬಂದಿದೆ. ಪೆನ್ಶನ್ ಕಾಗದ ಮತ್ತೆ ಕೊಟ್ಟಿದ್ದೇವೆ.

ಐದಕ್ಕೆ ನಾಲ್ಕು ಸ್ಟಾರ್ ಕೊಡುತ್ತೇನೆ. ಆಪರೇಟರ್‌ಗಾದರೆ ಪೂರ್ತಿ ಐದು. ಒಂದು ಕಡಿಮೆ ಮಾಡಿದ್ದು ಕಚೇರಿಯ ವ್ಯವಸ್ಥೆಗೆ. ಬೆಳಿಗ್ಗೆ ಟೋಕನ್ ಕೊಡುತ್ತಾರೆ, ಆದರೆ ಕೂರಲು ಒಂದೇ ಬೆಂಚು. ಫೀ ಎಷ್ಟು ಅನ್ನುವ ಚೀಟಿ ಕೌಂಟರ್ ಒಳಗಡೆ ಅಂಟಿಸಿದ್ದಾರೆ. ಅದು ಹೊರಗೆ ಬಾಗಿಲ ಹತ್ತಿರ ಇದ್ದರೆ ಏಜೆಂಟರಿಗೆ 800 ಕೊಡುವವರ ದುಡ್ಡು ಉಳಿಯುತ್ತದೆ. ಜನರ ಕಡೆ ತಿರುಗಿಸಿಟ್ಟ ಸ್ಕ್ರೀನ್ ತುಂಬಾ ಎತ್ತರದಲ್ಲಿದೆ, ಕುರ್ಚಿಯಲ್ಲಿ ಕೂತ ವಯಸ್ಸಾದವರಿಗೆ ಕಾಣುವುದಿಲ್ಲ. ಅದನ್ನು ಒಂದು ಗೇಣು ಕೆಳಗಿಳಿಸಲಿ ಅಂತ ಅಲ್ಲಿನ ದೂರು ಪುಸ್ತಕದಲ್ಲಿ ಬರೆದು ಬಂದಿದ್ದೇನೆ.