ಎಂಟು ಪುಟದ ಪ್ರಬಂಧ, ಕೈಯಲ್ಲೊಂದು ಪೆನ್ಸಿಲ್

ಡೈನಮಿಕಲ್ ಸಿಸ್ಟಮ್ಸ್, ಅಂದರೆ ಒಂದೇ ನಿಯಮವನ್ನು ಮತ್ತೆ ಮತ್ತೆ ಹಾಕುತ್ತಾ ಹೋದರೆ ಏನಾಗುತ್ತದೆ ಎಂದು ನೋಡುವ ಗಣಿತದ ಬಗ್ಗೆ ಮೊದಲು ಏನು ಓದಲಿ ಅಂತ ಯಾರಾದರೂ ಕೇಳಿದರೆ ನಾನು ಕೊಡುವುದು ಟಿಯೆನ್-ಯಿಯೆನ್ ಲಿ ಮತ್ತು ಜೇಮ್ಸ್ ಯಾರ್ಕ್ ಬರೆದ 'ಪೀರಿಯಡ್ ತ್ರೀ ಇಂಪ್ಲೈಸ್ ಕೇಯಾಸ್' (ಮೂರರ ಆವರ್ತ ಇದ್ದರೆ ಗೊಂದಲವೂ ಇದೆ) ಎಂಬ ಪ್ರಬಂಧ. 1975ರ ಡಿಸೆಂಬರ್‌ನಲ್ಲಿ 'ಅಮೆರಿಕನ್ ಮ್ಯಾಥಮ್ಯಾಟಿಕಲ್ ಮಂತ್ಲಿ'ಯಲ್ಲಿ ಬಂದದ್ದು. ಬರೀ ಎಂಟು ಪುಟ. ಮೊದಲೆರಡು ಸಲ ಸುಮ್ನೆ ಕಣ್ಣಾಡಿಸಿದ್ದೆ. ಮೂರನೇ ಸಲ ಪೆನ್ಸಿಲ್, ಕ್ಯಾಲ್ಕುಲೇಟರ್ ಇಟ್ಟುಕೊಂಡು ಕೂತೆ. ಆಗ ಸಿಕ್ಕ ಖುಷಿಯೇ ಬೇರೆ.

ನಾನು ಮಾಡಿದ್ದು ಇಷ್ಟೇ. ಸೊನ್ನೆಗೂ ಒಂದಕ್ಕೂ ನಡುವಿನ ಒಂದು ಸಂಖ್ಯೆ ಹಿಡಿದು, 1ರಲ್ಲಿ ಅದನ್ನು ಕಳೆದು, ಉಳಿದದ್ದನ್ನು ಅದೇ ಸಂಖ್ಯೆಯಿಂದ ಗುಣಿಸಿ, ಮತ್ತೆ 3.83ರಿಂದ ಗುಣಿಸಿದೆ. ಬಂದ ಉತ್ತರಕ್ಕೂ ಹಾಗೇ. 0.5ರಿಂದ ಹೊರಟರೆ 0.9575, ಆಮೇಲೆ 0.1559, ಆಮೇಲೆ 0.5039. ಸ್ವಲ್ಪ ಹೊತ್ತಿಗೆ 0.1561, 0.5047, 0.9574 ಈ ಮೂರೇ ಸುತ್ತುತ್ತಾ ಇರುತ್ತವೆ. ಇದೇ ಮೂರರ ಆವರ್ತ. ಪ್ರಬಂಧ ಹೇಳುವುದೇನೆಂದರೆ, ರೇಖೆಯ ಒಂದು ತುಂಡಿನ ಮೇಲೆ ಕಡಿಯದೆ ಸಾಗುವ ಫಂಕ್ಷನ್‌ಗೆ (ಸಂಖ್ಯೆ ಕೊಟ್ಟರೆ ಸಂಖ್ಯೆ ಕೊಡುವ, ಮೇಲಿನಂಥ ನಿಯಮಕ್ಕೆ) ಮೂರರ ಆವರ್ತ ಇದ್ದರೆ ಐದರದ್ದೂ ಇದೆ, ನೂರಾಒಂದರದ್ದೂ ಇದೆ. ಯಾವ ಸಂಖ್ಯೆ ಕೇಳಿದರೂ ಇದೆ!

ಇದರ ಸಾಧನೆ (ಪ್ರೂಫ್) ನೋಡಿ, ಎಷ್ಟು ಚೆಂದ. ಆ ಮೂರು ಬಿಂದುಗಳ ನಡುವೆ ಎರಡು ತುಂಡು, ಎಡದ್ದು ಮತ್ತು ಬಲದ್ದು. ಫಂಕ್ಷನ್ ಹಾಕಿದಾಗ ಎಡದ್ದು ಹಿಗ್ಗಿ ಬಲದ್ದನ್ನು ಪೂರ್ತಿ ಮುಚ್ಚುತ್ತದೆ. ಬಲದ್ದು ಎರಡನ್ನೂ ಮುಚ್ಚುತ್ತದೆ. ಅಂದರೆ ಬಲದಲ್ಲಿ ಎಷ್ಟು ಹೊತ್ತು ಬೇಕಾದರೂ ತಂಗಬಹುದು, ಅಲ್ವಾ? ಐದು ಬೇಕಾದರೆ ಎಡದಲ್ಲಿ ಒಂದು ಸಲ, ಬಲದಲ್ಲಿ ನಾಲ್ಕು ಸಲ, ಮತ್ತೆ ಎಡಕ್ಕೆ. ಈ ದಾರಿಯಲ್ಲೇ ನಡೆದು ಹೊರಟಲ್ಲಿಗೆ ಬರುವ ಬಿಂದು ಇದ್ದೇ ಇರುತ್ತದೆ. ಅದಕ್ಕೆ ಬೇಕಾದದ್ದು ಕ್ಯಾಲ್ಕುಲಸ್‌ನ ಇಂಟರ್‌ಮೀಡಿಯೇಟ್ ವ್ಯಾಲ್ಯೂ ಥಿಯರಮ್ ಮಾತ್ರ, ಅಂದರೆ ಕಡಿಯದೆ ಸಾಗುವ ಫಂಕ್ಷನ್ ಎರಡು ಬೆಲೆಗಳ ನಡುವಿನ ಯಾವ ಬೆಲೆಯನ್ನೂ ಬಿಟ್ಟು ಹಾರುವುದಿಲ್ಲ ಎಂಬ ಮಾತು. ಡಿಗ್ರಿ ಮೊದಲ ವರ್ಷದವರಿಗೂ ಸಾಕು.

ಎರಡನೇ ಭಾಗ ಕಷ್ಟ. ಫಂಕ್ಷನ್ ಹಾಕುತ್ತಾ ಹೋದಂತೆ ಒಂದಕ್ಕೊಂದು ಮತ್ತೆ ಮತ್ತೆ ಹತ್ತಿರ ಬಂದು ಮತ್ತೆ ಮತ್ತೆ ದೂರ ಸರಿಯುವ ಬಿಂದುಗಳ, ಎಣಿಸಲಾಗದಷ್ಟು ದೊಡ್ಡ ಗುಂಪು ಇದೆ ಎಂದು ಅಲ್ಲಿ ತೋರಿಸುತ್ತಾರೆ. ನನಗೆ ಮೂರು ಸಂಜೆ ಹಿಡಿಯಿತು. ಆವರ್ತಗಳ ಮಾತನ್ನು ಉಕ್ರೇನಿನ ಗಣಿತಜ್ಞ ಶಾರ್ಕೋವ್‌ಸ್ಕಿ 1964ರಲ್ಲೇ, ಇನ್ನೂ ವಿಸ್ತಾರವಾಗಿ ಸಾಧಿಸಿದ್ದರು. ಆ ಹೆಸರನ್ನೂ ಗೌರವದಿಂದ ನೆನೆಯಬೇಕು. ಆದರೆ ಈ ಎರಡನೇ ಭಾಗ ಲಿ-ಯಾರ್ಕ್ ಅವರದೇ ಕೊಡುಗೆ. ಗಣಿತದಲ್ಲಿ 'ಕೇಯಾಸ್' ಎಂಬ ಹೆಸರು ನೆಲೆಯೂರಿದ್ದೂ ಇಲ್ಲಿಂದಲೇ.

ಓದುವವರಿಗೆ ಒಂದು ಎಚ್ಚರಿಕೆ. ಇದೆ ಅನ್ನುವುದು ಬೇರೆ, ಕಾಣುವುದು ಬೇರೆ. 3.83ರಲ್ಲಿ ಹೆಚ್ಚುಕಡಿಮೆ ಎಲ್ಲಿಂದ ಹೊರಟರೂ ಕೊನೆಗೆ ಆ ಮೂರೇ ಸಂಖ್ಯೆಗೆ ಬಂದು ಬೀಳುತ್ತೀರಿ. ಎರಡರ ಆವರ್ತವನ್ನು ನಾನು ಸಮೀಕರಣ ಬಿಡಿಸಿ ಹುಡುಕಿದೆ: 0.3692, 0.8919. ಕ್ಯಾಲ್ಕುಲೇಟರ್‌ನಲ್ಲಿ ಎಂಟು ಹತ್ತು ಹೆಜ್ಜೆ ಎರಡರ ನಡುವೆ ಓಡಾಡಿತು. ಆಮೇಲೆ ನಾಲ್ಕು ದಶಾಂಶಕ್ಕೆ ನಿಲ್ಲಿಸಿದ ಆ ಸಣ್ಣ ತಪ್ಪೇ ಬೆಳೆದು, ಮೆಲ್ಲಗೆ ಜಾರಿಹೋಯಿತು. ಆ ಜೋಡಿಯನ್ನು ಪ್ರಬಂಧದ ಅಂಚಿನಲ್ಲಿ ಬರೆದಿಟ್ಟಿದ್ದೇನೆ. ಐದರದ್ದನ್ನು ಇನ್ನೂ ಹುಡುಕುತ್ತಿದ್ದೇನೆ.