ನಕ್ಷೆಯಲ್ಲಿ ಇಲ್ಲದ ಮಹಡಿ ಮಾರ್ತಾರೆ, ಹುಷಾರು!

ಬೆಂಗಳೂರಲ್ಲಿ ಚಿಕ್ಕ ಸೈಟಿನ ಮೇಲೆದ್ದ ಅಪಾರ್ಟ್‌ಮೆಂಟಲ್ಲಿ ಫ್ಲ್ಯಾಟ್ ನೋಡ್ತಿದ್ದೀರಾ? ಅಡ್ವಾನ್ಸ್ ಕೊಡೋ ಮೊದಲು ಇದನ್ನೊಮ್ಮೆ ಓದಿ. ನಾವು ಕೊಂಡ ಫ್ಲ್ಯಾಟಿಗೆ ರಿಜಿಸ್ಟ್ರೇಷನ್ ಆಗಿದೆ, ಖಾತೆ ಇದೆ, ಕಂದಾಯದ ರಸೀದಿ ಇದೆ, ಬ್ಯಾಂಕ್ ಸಾಲವೂ ಸಿಕ್ಕಿದೆ. ಇಷ್ಟೆಲ್ಲ ಇದ್ದೂ ನಮ್ಮ ಬಾಗಿಲಿಗೆ ಪಾಲಿಕೆ ನೋಟಿಸ್ ಅಂಟಿಸಿದೆ. ಮಂಜೂರಾದ ನಕ್ಷೆಯಲ್ಲಿ ಈ ಮಹಡಿಯೇ ಇಲ್ಲ!

ಬಿಲ್ಡರ್ ನಕ್ಷೆ ತೋರಿಸಲಿಲ್ಲ ಅಂತಲ್ಲ, ತೋರಿಸಿದರು. ಸೀಲು, ಸಹಿ, ಎಲ್‌ಪಿ ನಂಬರ್ (ನಕ್ಷೆ ಮಂಜೂರಾತಿಯ ಸಂಖ್ಯೆ) ಎಲ್ಲ ಇತ್ತು. ಆದರೆ ಕೈಗೆ ಕೊಟ್ಟದ್ದು ಟಿಪಿಕಲ್ ಫ್ಲೋರ್, ಅಂದರೆ ಎಲ್ಲ ಮಹಡಿಗೂ ಒಂದೇ ಆಗಿರೋ ವಿನ್ಯಾಸ, ಇರೋ ಭಾಗದ ಜೆರಾಕ್ಸ್ ಮಾತ್ರ. ಎಷ್ಟು ಮಹಡಿ ಅಂತ ತೋರಿಸೋ ಸೆಕ್ಷನ್, ಎಲಿವೇಶನ್, ವಿಸ್ತೀರ್ಣದ ಪಟ್ಟಿ, ಅದ್ಯಾವುದೂ ಜೆರಾಕ್ಸಿನಲ್ಲಿ ಬಂದೇ ಇಲ್ಲ. ಕಣ್ಣಿಗೆ ಮಣ್ಣೆರಚಿದ್ದು ಅಲ್ಲೇ. ಆರ್‌ಟಿಐ ಹಾಕಿ ಪೂರ್ತಿ ಹಾಳೆ ತೆಗೆಸಿದಾಗ ಗೊತ್ತಾಯ್ತು, ಮಂಜೂರಾತಿ ನೆಲಮಹಡಿ ಸೇರಿ ನಾಲ್ಕಕ್ಕೆ, ಕಟ್ಟಿದ್ದು ಐದು, ಅದರ ಮೇಲೊಂದು ಪೆಂಟ್‌ಹೌಸ್. ಪಕ್ಕದ ಸೆಟ್‌ಬ್ಯಾಕ್, ಅಂದರೆ ಖಾಲಿ ಬಿಡಬೇಕಾದ ಜಾಗ, ನಕ್ಷೆಯಲ್ಲಿ ಒಂದೂವರೆ ಮೀಟರ್. ಗೋಡೆಯಿಂದ ಕಾಂಪೌಂಡಿಗೆ ಟೇಪ್ ಹಿಡಿದರೆ ಬರೋದು 60 ಸೆಂಟಿಮೀಟರ್.

ಬಿಲ್ಡರ್ ಉತ್ತರ ಕೇಳಿ. "ಬೆಂಗಳೂರಲ್ಲಿ ಯಾರ್ ಸರ್ ಪ್ಲ್ಯಾನ್ ಪ್ರಕಾರ ಕಟ್ಟಿರೋದು?" ಆಮೇಲೆ, "ಐದು ಪರ್ಸೆಂಟ್ ಡೀವಿಯೇಷನ್ ನಡೆಯುತ್ತೆ." 2003ರ ಕಟ್ಟಡ ಬೈಲಾದಲ್ಲಿ ನಕ್ಷೆಯಿಂದ ಶೇ 5ರ ತನಕ ಆಚೀಚೆ ಆಗೋಕೆ ಅವಕಾಶ ಇರೋದು ನಿಜ. ಒಂದೂವರೆ ಮೀಟರಿಗೆ ಶೇ 5 ಅಂದರೆ ಏಳೂವರೆ ಸೆಂಟಿಮೀಟರ್. ಇವರು ನುಂಗಿರೋದು 90! ಮತ್ತೆ, "ಅಕ್ರಮ-ಸಕ್ರಮದಲ್ಲಿ ಮಾಡಿಸಿಕೊಡ್ತೀವಿ." ದಂಡ ಕಟ್ಟಿಸಿಕೊಂಡು ಅಕ್ರಮ ಕಟ್ಟಡ ಸಕ್ರಮ ಮಾಡೋ ಆ ಯೋಜನೆಗೆ ಸುಪ್ರೀಂ ಕೋರ್ಟ್ 2017ರ ಜನವರಿಯಲ್ಲೇ ತಡೆ ಕೊಟ್ಟಿದೆ. ತಡೆ ಇರದಿದ್ದರೂ ಅದು 2013ರ ಅಕ್ಟೋಬರ್ 19ಕ್ಕೆ ಮುಂಚಿನ ಕಟ್ಟಡಗಳಿಗೆ. ಇಲ್ಲಿ ಪಾಯ ತೋಡಿದ್ದೇ ಅದಾದ ಎಷ್ಟೋ ವರ್ಷಕ್ಕೆ. ಕೊನೆಯ ಉತ್ತರ ಕೇಳಿದರೆ ಈಗಲೂ ಮೈ ಉರಿಯುತ್ತೆ, "ರಿಜಿಸ್ಟ್ರೇಷನ್ ಆಯ್ತಲ್ಲ ಸರ್, ಈಗ ಆಸ್ತಿ ನಿಮ್ಮದು. ನೋಟಿಸೂ ನಿಮಗೇ."

ಸಬ್ ರಿಜಿಸ್ಟ್ರಾರ್ ಕ್ರಯಪತ್ರ ನೋಂದಾಯಿಸ್ತಾರೆ, ಕಟ್ಟಡವನ್ನು ನಕ್ಷೆ ಜತೆ ತಾಳೆ ನೋಡಲ್ಲ. ಕಂದಾಯ ಕಟ್ಟಿದ ಮಾತ್ರಕ್ಕೆ ಮಹಡಿ ಸಕ್ರಮ ಆಗಲ್ಲ. ಬೇಕಾದ್ದು ಓಸಿ, ಅಂದರೆ ಕಟ್ಟಡ ನಕ್ಷೆ ಪ್ರಕಾರ ಇದೆ, ವಾಸ ಮಾಡಬಹುದು ಅಂತ ಪಾಲಿಕೆ ಕೊಡೋ ಸ್ವಾಧೀನ ಪ್ರಮಾಣಪತ್ರ. "ಅಪ್ಲೈ ಆಗಿದೆ" ಅಂದರೆ ಇಲ್ಲ ಅಂತಲೇ ಲೆಕ್ಕ. ಓಸಿ ಇಲ್ಲದೆ ಕರೆಂಟು, ನೀರು ಕೊಡಬಾರದು, ಬ್ಯಾಂಕುಗಳೂ ಅದನ್ನು ನೋಡಿಯೇ ಸಾಲ ಕೊಡಬೇಕು ಅಂತ ಸುಪ್ರೀಂ ಕೋರ್ಟ್ 2024ರ ಡಿಸೆಂಬರ್ 17ರಂದು ಹೇಳಿದೆ. ಹಾಗಾಗಿ ಕರೆಂಟ್ ಬಿಲ್ ಕೇಳಿ ನೋಡಿ. ಟೆಂಪರರಿ ಕನೆಕ್ಷನ್ ಇದ್ದರೆ ಅಲ್ಲೇ ಅನುಮಾನ ಪಡಿ. ಇನ್ನೊಂದು, ಜಾಗ 500 ಚದರ ಮೀಟರ್ ದಾಟದಿದ್ದರೆ ಅಥವಾ ಫ್ಲ್ಯಾಟು ಎಂಟಕ್ಕಿಂತ ಹೆಚ್ಚಿಲ್ಲದಿದ್ದರೆ ರೇರಾ (ರಿಯಲ್ ಎಸ್ಟೇಟ್ ನಿಯಂತ್ರಣ ಪ್ರಾಧಿಕಾರ) ನೋಂದಣಿ ಕಡ್ಡಾಯ ಇಲ್ಲ. ಇಂಥವರು ಚಿಕ್ಕ ಸೈಟೇ ಹುಡುಕೋದು ಸುಮ್ಮನೆ ಅಲ್ಲ.

ನೋಟಿಸ್ ಬಂದೇ ಬಿಟ್ಟಿದ್ದರೆ, "ಉತ್ತರ ಕೊಡಬೇಡಿ, ನಾವು ಮ್ಯಾನೇಜ್ ಮಾಡ್ತೀವಿ" ಅನ್ನೋ ಬಿಲ್ಡರ್ ಮಾತನ್ನು ದಯವಿಟ್ಟು ನಂಬಬೇಡಿ. ಪಾಲಿಕೆ ಕಾಯ್ದೆಯ 321ನೇ ಕಲಂ ಇರಲಿ, 2025ರ ತನಕ ಜಾರಿಯಲ್ಲಿದ್ದ 2020ರ ಬಿಬಿಎಂಪಿ ಕಾಯ್ದೆಯ 248ನೇ ಕಲಂ ಇರಲಿ, ಮೊದಲು ಬರೋದು ತಾತ್ಕಾಲಿಕ ಆದೇಶ, ಅದರ ಜತೆ ಕಾರಣ ಕೇಳುವ ನೋಟಿಸ್. ಗಡುವಿನೊಳಗೆ ಉತ್ತರ ಹೋಗದಿದ್ದರೆ ಅದೇ ಆದೇಶ ಕಾಯಂ ಆಗುತ್ತೆ, ಆಮೇಲೆ ಜೆಸಿಬಿ. ಉತ್ತರವನ್ನು ಬರವಣಿಗೆಯಲ್ಲೇ ಕೊಡಿ, ಕಚೇರಿಯ ಟಪಾಲು ವಿಭಾಗದಲ್ಲಿ ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ. ಸ್ಥಳ ಮಹಜರು, ಅಳತೆ ಸ್ಕೆಚ್ ಎರಡರ ನಕಲನ್ನೂ ಕೇಳಿ, ನಿಮ್ಮ ಎಂಜಿನಿಯರ್ ಕೈಲಿ ಮತ್ತೆ ಅಳೆಸಿ. ಕೆಡವೋದಕ್ಕೆ ಮುಂಚೆ ಕನಿಷ್ಠ 15 ದಿನದ ನೋಟಿಸ್, ಅಹವಾಲು ಹೇಳಿಕೊಳ್ಳೋಕೆ ಅವಕಾಶ ಇರಬೇಕು ಅಂತ 2024ರ ನವೆಂಬರ್ 13ರ ಸುಪ್ರೀಂ ಕೋರ್ಟ್ ತೀರ್ಪಿದೆ. ರಸ್ತೆ, ಫುಟ್‌ಪಾತ್ ಒತ್ತುವರಿಗೆ ಅದು ಅನ್ವಯಿಸಲ್ಲ. ಕಾಯಂ ಆದೇಶ ಬಂದ ಮೇಲೆ ದಾರಿ ಕರ್ನಾಟಕ ಮೇಲ್ಮನವಿ ನ್ಯಾಯಮಂಡಳಿ. "ಸ್ಟೇ ತಂದಿದ್ದೀವಿ" ಅಂತ ಫೋನಲ್ಲಿ ಹೇಳಿದರೆ ಕೇಸ್ ನಂಬರ್ ಇರೋ ಆದೇಶದ ಪ್ರತಿ ಕೇಳಿ. ನಿಜವಾಗಿ ಸ್ಟೇ ಸಿಕ್ಕಿದ್ದರೂ ಕೆಡವೋದು ನಿಲ್ಲುತ್ತೆ ಅಷ್ಟೇ, ಮಹಡಿ ಅಕ್ರಮವಾಗಿಯೇ ಇರುತ್ತೆ.

ಇನ್ನೂ ಕೊಳ್ಳದವರು ನಕ್ಷೆಯ ಪೂರ್ತಿ ಹಾಳೆ ಬಿಡಿಸಿಟ್ಟುಕೊಂಡು, ರಸ್ತೆಯಲ್ಲಿ ನಿಂತು ಮಹಡಿ ಎಣಿಸಿ. ಓಸಿ ಕೈಗೆ ಬರೋ ತನಕ ಕ್ರಯಪತ್ರಕ್ಕೆ ಸಹಿ ಹಾಕಬೇಡಿ. ಈ ಷರತ್ತನ್ನು ಅಗ್ರಿಮೆಂಟಿನಲ್ಲಿ ಬರೆಯೋಕೆ ಬಿಲ್ಡರ್ ಒಪ್ಪದಿದ್ದರೆ ಅಲ್ಲಿಂದ ಎದ್ದು ಬನ್ನಿ.