ಒಸಾಕಾದಲ್ಲಿ ‘ನಿಮ್ಮ ಕೈಯಾರೆ ಬಡಿದ ಚಾಕು’: ಹಣ ಕಟ್ಟುವ ಮುನ್ನ ಇದನ್ನು ಓದಿ

ಕಳೆದ ನವೆಂಬರಿನಲ್ಲಿ ನಾನೂ ಅಕ್ಕನೂ ಜಪಾನ್ ಪ್ರವಾಸದಲ್ಲಿದ್ದಾಗ, ಸಾಂಪ್ರದಾಯಿಕ ವಿಧಾನದಲ್ಲಿ ಅಡುಗೆಮನೆಯ ಚಾಕುವನ್ನು ನಮ್ಮ ಕೈಯಾರೆ ಬಡಿದು ಮಾಡಿಸುತ್ತೇವೆ ಎಂಬ ಭರವಸೆಯನ್ನು ನಂಬಿ, ಒಸಾಕಾ ನಗರದ ಒಂದು ಕಾರ್ಯಾಗಾರಕ್ಕೆ ತಲಾ 24,000 ಯೆನ್ ಕಟ್ಟಿದೆವು. ಆಗಿನ ಲೆಕ್ಕದಲ್ಲಿ ಅದು ಹದಿನಾಲ್ಕು ಸಾವಿರ ರೂಪಾಯಿಯ ಹತ್ತಿರದ ಹಣ. ಎರಡು ಗಂಟೆಯ ನಂತರ ಅಲ್ಲಿಂದ ಹೊರಬಂದಾಗ ನಮ್ಮ ಬಳಿ ಇದ್ದದ್ದು ನಮ್ಮ ಸುತ್ತಿಗೆ ಸೋಕಿಯೇ ಇರದ ಕಾರ್ಖಾನೆಯ ಎರಡು ಚಾಕುಗಳು, ಅಕ್ಕನ ಮುಂಗೈ ಮೇಲೊಂದು ಸುಟ್ಟ ಗಾಯ, ಮತ್ತು ಪೊಲೀಸರು ತಡೆದಿದ್ದರೆ ನಮ್ಮನ್ನು ತೊಂದರೆಗೆ ಸಿಲುಕಿಸಬಹುದಾಗಿದ್ದ ಒಂದು ತೆಳು ಕಾಗದದ ಚೀಲ. ಆ ಸಂಸ್ಥೆಯ ಹೆಸರನ್ನು ಇಲ್ಲಿ ಹಾಕುತ್ತಿಲ್ಲ. ಹೆಸರು ನಾಳೆ ಬದಲಾಗಬಹುದು, ಮೋಸದ ರೀತಿ ಬದಲಾಗುವುದಿಲ್ಲವಾದ್ದರಿಂದ ಅದನ್ನೇ ವಿವರವಾಗಿ ಬರೆಯುತ್ತಿದ್ದೇನೆ.

ಇಷ್ಟು ಹಣ ಕೊಟ್ಟು ಚಾಕು ಬಡಿಯುವ ಆಸೆ ನಮಗೇಕೆ ಬಂತೆಂದು ಹೇಳಬೇಕು. ತೀರ್ಥಹಳ್ಳಿಯ ಕಡೆ ನಮ್ಮ ಅಜ್ಜನ ಊರಿನಲ್ಲಿ ಒಂದು ಕುಲುಮೆಯಿತ್ತು. ಮಳೆಗಾಲ ಹಿಡಿಯುವ ಮೊದಲು ಮನೆಯ ಕತ್ತಿಗಳನ್ನೆಲ್ಲ ಅಲ್ಲಿಗೆ ಒಯ್ದು ಹದ ಹಾಕಿಸಿಕೊಂಡು ಬರುತ್ತಿದ್ದರು. ರಜೆಯಲ್ಲಿ ಹೋದ ನಾವಿಬ್ಬರೂ ತಿದಿ ಒತ್ತುವ ಅವಕಾಶಕ್ಕಾಗಿ ಜಗಳವಾಡುತ್ತಿದ್ದೆವು, ಕೆಂಪಗೆ ಕಾದ ಕತ್ತಿಯನ್ನು ನೀರಿಗೆ ಅದ್ದಿದಾಗ ಏಳುವ ಸದ್ದಿಗೆ ಕಾಯುತ್ತಿದ್ದೆವು. ಆದರೆ ಸುತ್ತಿಗೆಯನ್ನು ನಮ್ಮ ಕೈಗೆ ಯಾರೂ ಕೊಡುತ್ತಿರಲಿಲ್ಲ. ಆ ಕುಲುಮೆ ಈಗ ಇಲ್ಲ. ಹಾಗಾಗಿ ಜಪಾನಿನಲ್ಲಿ, ಕಾದ ಕಬ್ಬಿಣವನ್ನು ಇಟ್ಟು ಬಡಿಯುವ ಅಡಿಗಲ್ಲಿನ ಮುಂದೆ ನಿಲ್ಲುವುದು ನಮಗೆ ಪ್ರವಾಸದ ಒಂದು ಮನರಂಜನೆಯಷ್ಟೇ ಆಗಿರಲಿಲ್ಲ.

ಅಪ್ಪಟ ಕೆಲಸ ಹೇಗಿರುತ್ತದೆಂಬುದನ್ನು ಮೊದಲು ತಿಳಿದುಕೊಂಡಿದ್ದರೆ ಆ ಜಾಹೀರಾತನ್ನು ಓದಿದ ಕ್ಷಣವೇ ನಮಗೆ ಅನುಮಾನ ಬರುತ್ತಿತ್ತು. ಒಸಾಕಾಕ್ಕೆ ದಕ್ಷಿಣದಲ್ಲಿ ಅಂಟಿಕೊಂಡಿರುವ ಸಕಾಯ್ ನಗರ ಚಾಕುಗಳಿಗೆ ಹೆಸರಾದದ್ದು. ಪೋರ್ಚುಗೀಸರ ಮೂಲಕ ಜಪಾನಿಗೆ ತಂಬಾಕು ಬಂದ ನಂತರ ಅದರ ಎಲೆಯನ್ನು ಸಣ್ಣಗೆ ಹೆಚ್ಚುವ ಚಾಕುಗಳನ್ನು ಅಲ್ಲಿಯ ಕಮ್ಮಾರರು ಮಾಡುತ್ತಿದ್ದರು, ಆಗ ಜಪಾನನ್ನು ಆಳುತ್ತಿದ್ದ ತೊಕುಗಾವಾ ಮನೆತನದ ಆಡಳಿತವು ಅವುಗಳಿಗೆ ತನ್ನ ಮುದ್ರೆಯನ್ನೇ ಕೊಟ್ಟಿತ್ತು. ಸಕಾಯ್‌ನ ಬಡಿದು ಮಾಡಿದ ಅಲಗುಗಳಿಗೆ 1982ರಲ್ಲಿ ಜಪಾನ್ ಸರ್ಕಾರದಿಂದ ಸಾಂಪ್ರದಾಯಿಕ ಕರಕುಶಲ ವಸ್ತುವೆಂಬ ಮಾನ್ಯತೆಯೂ ಸಿಕ್ಕಿದೆ. ಅಲ್ಲಿ ಒಂದು ಚಾಕು ಒಬ್ಬರ ಕೈಯಲ್ಲಿ ಪೂರ್ತಿಯಾಗುವುದಿಲ್ಲ. ಬಡಿಯುವವರದು ಒಂದು ಮನೆ, ಮಸೆದು ಹರಿತ ಮಾಡುವವರದು ಇನ್ನೊಂದು, ಹಿಡಿ ಕೂರಿಸುವವರು ಬೇರೆಯವರು. ‘ಜಿಗಾನೆ’ ಎಂಬ ಮೆದು ಕಬ್ಬಿಣದ ಮೇಲೆ ‘ಹಗಾನೆ’ ಎಂಬ ಗಟ್ಟಿ ಉಕ್ಕನ್ನು ಇಟ್ಟು, ಕಾಯಿಸಿ ಬಡಿದು ಬೆಸೆಯುತ್ತಾರೆ. ಆಕಾರ ಬಂದ ಮೇಲೆ ಮೈಗೆಲ್ಲ ಕೆಸರು ಬಳಿದು ಒಣಗಿಸಿ, ಎಂಟುನೂರು ಡಿಗ್ರಿಯ ಆಸುಪಾಸಿಗೆ ಕಾಯಿಸಿ ನೀರಿಗೆ ಅದ್ದುತ್ತಾರೆ. ಅಷ್ಟಕ್ಕೇ ಬಿಟ್ಟರೆ ಅಲಗು ಗಾಜಿನಂತೆ ಸಿಡಿಯುವುದರಿಂದ ಕಡಿಮೆ ಶಾಖದಲ್ಲಿ ಮತ್ತೊಮ್ಮೆ ಕಾಯಿಸಿ ಹದಕ್ಕೆ ತರುತ್ತಾರೆ. ಆನಂತರ ಸೊಟ್ಟ ತೆಗೆಯಬೇಕು, ಚಕ್ರಕ್ಕೆ ಹಿಡಿಯಬೇಕು, ಒಂದಾದ ಮೇಲೊಂದು ಕಲ್ಲಿನಲ್ಲಿ ಮಸೆಯಬೇಕು. ಇದೆಲ್ಲ ಎರಡು ಗಂಟೆಯಲ್ಲಿ, ಅದೂ ಸುತ್ತಿಗೆ ಹಿಡಿದು ಅಭ್ಯಾಸವೇ ಇಲ್ಲದ ಹನ್ನೆರಡು ಪ್ರವಾಸಿಗರಿಂದ ಆಗುವ ಕೆಲಸವಲ್ಲ.

ನಾವು ಹೋದ ಜಾಗದಲ್ಲಿ ಹನ್ನೆರಡು ಜನರಿಗೆ ಇದ್ದದ್ದು ಒಂದು ಗ್ಯಾಸ್ ಕುಲುಮೆ, ಒಂದು ಅಡಿಗಲ್ಲು. ಬಾಗಿಲಲ್ಲೇ ಜಪಾನಿ ಭಾಷೆಯಲ್ಲಿ ಮಾತ್ರ ಇದ್ದ ಎರಡು ಪುಟದ ಕಾಗದಕ್ಕೆ ಸಹಿ ಹಾಕಿಸಿಕೊಂಡರು. ಅದು ‘ಎಲ್ಲ ಕಡೆ ಇರುವಂಥದ್ದೇ’ ಎಂದರು, ನಾವು ಹಾಕಿದೆವು. ಮೊದಲ ಅರ್ಧ ಗಂಟೆ ಸಮುರಾಯ್ ಖಡ್ಗಗಳ ವಿಡಿಯೋ ತೋರಿಸುವುದರಲ್ಲೇ ಕಳೆಯಿತು. ಆಮೇಲೆ ಒಬ್ಬೊಬ್ಬರನ್ನೇ ಕರೆದು, ಗೇಣುದ್ದದ ಕಾದ ಪಟ್ಟಿಯೊಂದನ್ನು ಇಕ್ಕಳದಲ್ಲಿ ಹಿಡಿದುಕೊಟ್ಟು, ಹತ್ತು ಹನ್ನೆರಡು ಪೆಟ್ಟು ಹೊಡೆಸಿದರು. ಪಕ್ಕದಲ್ಲಿ ಸಹಾಯಕರೊಬ್ಬರು ನಮ್ಮದೇ ಫೋನಿನಲ್ಲಿ ಚಿತ್ರ ತೆಗೆಯುತ್ತಿದ್ದರು. ನನ್ನ ಮೂರನೆಯ ಪೆಟ್ಟು ಸುತ್ತಿಗೆಯ ಅಂಚಿನಿಂದ ಬಿದ್ದು, ಪಟ್ಟಿಯ ತುದಿಯಲ್ಲಿ ಚಂದ್ರನ ಆಕಾರದ ಆಳವಾದ ಗುಳಿಯೊಂದು ಬಿತ್ತು. ಪಟ್ಟಿಯನ್ನು ‘ಹದ ಹಾಕುವುದಕ್ಕೆ’ ಎಂದು ಪರದೆಯ ಹಿಂದಕ್ಕೆ ಒಯ್ದರು.

ಅಕ್ಕನಿಗೆ ಗಾಯವಾದದ್ದು ಆಮೇಲೆ, ನಮ್ಮಿಬ್ಬರ ಸರದಿಯೂ ಮುಗಿದು ಇನ್ನೊಬ್ಬರು ಹೊಡೆಯುತ್ತಿದ್ದಾಗ. ಕಾದ ಕಬ್ಬಿಣದ ಮೈಮೇಲೆ ಕಟ್ಟುವ ಕಿಟ್ಟ ಪೆಟ್ಟು ಬಿದ್ದಾಗ ಚಕ್ಕೆಚಕ್ಕೆಯಾಗಿ ಸಿಡಿಯುತ್ತದೆ. ಅಡಿಗಲ್ಲಿನಿಂದ ನಾವು ನಿಂತ ಜಾಗ ನಾಲ್ಕು ಹೆಜ್ಜೆಯೂ ದೂರವಿರಲಿಲ್ಲ, ನೋಡುತ್ತಾ ನಿಂತವರಿಗೆ ಕನ್ನಡಕವಾಗಲೀ ಮುಂಗವಸಾಗಲೀ ಕೊಟ್ಟಿರಲಿಲ್ಲ. ಅಕ್ಕ ತೊಟ್ಟಿದ್ದದ್ದು ಪಾಲಿಯೆಸ್ಟರ್ ಜಾಕೆಟ್. ಚಕ್ಕೆ ಬಿದ್ದ ಕಡೆ ಬಟ್ಟೆ ಕರಗಿ ಚರ್ಮಕ್ಕೆ ಅಂಟಿಕೊಂಡಿತು. ಹತ್ತಿ ಬಟ್ಟೆಯಾಗಿದ್ದರೆ ಸಣ್ಣ ತೂತಾಗಿ ಚಕ್ಕೆ ಕೆಳಗೆ ಬೀಳುವ ಸಾಧ್ಯತೆ ಹೆಚ್ಚಿತ್ತು. ಹತ್ತಿ ಬಟ್ಟೆ ಧರಿಸಿ ಬನ್ನಿ ಎಂಬ ಒಂದು ಸಾಲನ್ನು ಅವರು ಮೊದಲೇ ಬರೆದು ತಿಳಿಸಿದ್ದರೆ ಸಾಕಿತ್ತು. ಆ ಚಕ್ಕೆ ಕಣ್ಣಿಗೆ ಬಿದ್ದಿದ್ದರೆ ಏನಾಗುತ್ತಿತ್ತು ಎಂಬುದನ್ನು ನೆನೆದರೆ ನನಗೆ ಇಂದಿಗೂ ಮೈ ನಡುಗುತ್ತದೆ.

ನೀರಿನ ನಲ್ಲಿ ಇದ್ದದ್ದು ಪರದೆಯ ಹಿಂದೆ. ಅಕ್ಕನ ಕೈಯನ್ನು ಇಪ್ಪತ್ತು ನಿಮಿಷ ಹರಿಯುವ ನೀರಿನ ಕೆಳಗೆ ಹಿಡಿಸಿ ನಿಂತಿದ್ದಾಗ, ನಲ್ಲಿಯ ಪಕ್ಕದ ತಗಡಿನ ಬಕೆಟ್ಟಿನಲ್ಲಿ ನಾವು ಬಡಿದ ಪಟ್ಟಿಗಳು ಒಂದರ ಮೇಲೊಂದು ಬಿದ್ದು ಆರುತ್ತಿದ್ದುದನ್ನು ಕಂಡೆ. ಆಗ ಅದರ ಬಗ್ಗೆ ಯೋಚಿಸುವ ಸ್ಥಿತಿಯಲ್ಲಿರಲಿಲ್ಲ. ನಾವು ಹೊರಗೆ ಬಂದ ಸ್ವಲ್ಪ ಹೊತ್ತಿಗೆ ತಟ್ಟೆಯಲ್ಲಿ ಹನ್ನೆರಡು ಅಲಗುಗಳನ್ನು ಜೋಡಿಸಿ ತಂದರು. ಎಲ್ಲವೂ ಒಂದೇ ಅಳತೆ, ಎಲ್ಲದರ ಮೈಮೇಲೂ ಒಂದೇ ಸಾಲಿನಲ್ಲಿ ಸುತ್ತಿಗೆಯ ದುಂಡನೆಯ ಗುರುತುಗಳು, ಎಲ್ಲಕ್ಕೂ ಆಗಲೇ ಹಿಡಿ ಕೂರಿಸಿತ್ತು. ನನ್ನದೆಂದು ಕೊಟ್ಟದ್ದರಲ್ಲಿ ಚಂದ್ರಾಕಾರದ ಗುಳಿಯನ್ನು ಹುಡುಕಿದೆ, ಇರಲಿಲ್ಲ. ಕೇಳಿದಾಗ ‘ಉಜ್ಜುವಾಗ ಹೋಯಿತು’ ಎಂದರು. ಅಷ್ಟು ಆಳದ ಗುಳಿ ಹೋಗುವಷ್ಟು ಉಜ್ಜಿದ್ದರೆ ಅದಕ್ಕಿಂತ ತೆಳುವಾಗಿದ್ದ ಈ ಗುರುತುಗಳು ಉಳಿದದ್ದು ಹೇಗೆ? ಕೈ ತೊಳೆಯುವ ನೆಪದಲ್ಲಿ ಮತ್ತೆ ಪರದೆಯ ಹಿಂದೆ ಹೋಗಿ ನೋಡಿದೆ. ನನ್ನ ಪಟ್ಟಿ ಗುಳಿಯ ಸಮೇತ ಬಕೆಟ್ಟಿನಲ್ಲೇ ಇತ್ತು. ನಮ್ಮಿಂದ ಹೊಡೆಸಿದ್ದು ಬರೀ ಗುಜರಿ ಕಬ್ಬಿಣ. ಕೊಟ್ಟಿದ್ದು ಪೆಟ್ಟಿಗೆಯಿಂದ ತೆಗೆದ ಸಿದ್ಧ ಚಾಕು. ಅದನ್ನು ಕಲ್ಲಿನ ಮೇಲೆ ಐದು ನಿಮಿಷ ಉಜ್ಜಿಸಿ, ಯಂತ್ರದಿಂದ ನಮ್ಮ ಹೆಸರು ಕೆತ್ತಿಸಿ, ಆ ಕೆತ್ತನೆಗೆಂದು ಮೊದಲು ಎಲ್ಲೂ ಹೇಳಿರದ 2,000 ಯೆನ್ನನ್ನು ಇಬ್ಬರಿಂದಲೂ ಬೇರೆಯಾಗಿ ವಸೂಲು ಮಾಡಿದರು.

ಎರಡು ದಿನ ಬಿಟ್ಟು ನಾವು ಹಂಕಾಯ್ ಟ್ರಾಮ್ ಹಿಡಿದು ಸಕಾಯ್‌ಗೆ ಹೋದೆವು. ಅಲ್ಲಿನ ಓಣಿಯೊಂದರಲ್ಲಿ ಮಸೆಯುವ ಅಂಗಡಿ ಇಟ್ಟಿದ್ದ ಹಿರಿಯರೊಬ್ಬರಿಗೆ, ಫೋನಿನ ಅನುವಾದದ ನೆರವಿನಿಂದ, ಈ ಚಾಕುವನ್ನು ತೋರಿಸಿದೆವು. ಅವರು ಅದನ್ನು ಕಿಟಕಿಯ ಬೆಳಕಿಗೆ ಓರೆಯಾಗಿ ಹಿಡಿದು ಬಹಳ ಹೊತ್ತು ನೋಡಿದರು. ನಂತರ ತಮ್ಮ ಹತ್ತಿರವಿದ್ದ ತರಕಾರಿ ಹೆಚ್ಚುವ ಚಾಕುವೊಂದನ್ನು ಪಕ್ಕದಲ್ಲಿಟ್ಟು, ಅದರ ಹರಿತದ ಉದ್ದಕ್ಕೂ ಮೆದು ಕಬ್ಬಿಣವೂ ಗಟ್ಟಿ ಉಕ್ಕೂ ಕೂಡುವ ಕಡೆ ಮಂಜಿನ ಎಳೆಯಂತೆ ಓಡುವ ಗೆರೆಯನ್ನು ಬೆರಳಿನಿಂದ ತೋರಿಸಿದರು. ನಮ್ಮದರಲ್ಲಿ ಆ ಗೆರೆಯಿರಲಿಲ್ಲ. ಒಂದೇ ಬಗೆಯ ಸ್ಟೇನ್‌ಲೆಸ್ ಹಾಳೆಯಿಂದ ಯಂತ್ರದಲ್ಲಿ ಕತ್ತರಿಸಿ, ಸುತ್ತಿಗೆಯ ಗುರುತನ್ನೂ ಯಂತ್ರದಲ್ಲೇ ಒತ್ತಿದ ಚಾಕು ಅದು ಎಂದರು. ಆ ಮಾತು ಹೇಳುವಾಗ ಅವರ ದನಿಯಲ್ಲಿದ್ದ ಸಂಕೋಚ ನನ್ನನ್ನು ಇನ್ನೂ ಕಾಡುತ್ತದೆ. ತಪ್ಪು ಮಾಡಿದವರು ಯಾರೋ, ತಲೆ ತಗ್ಗಿಸಿದವರು ಇವರು. ಗೆರೆಯೊಂದೇ ಪೂರ್ತಿ ಪರೀಕ್ಷೆಯಲ್ಲ ಎಂಬುದನ್ನೂ ಸೇರಿಸುತ್ತೇನೆ. ಉಕ್ಕನ್ನೂ ಕಬ್ಬಿಣವನ್ನೂ ಕಾರ್ಖಾನೆಯಲ್ಲೇ ಬೆಸೆದು ಮಾರುವ ಹಾಳೆಗಳು ಜಪಾನಿನಲ್ಲಿ ಸಿಗುತ್ತವೆ, ಅವುಗಳಿಂದ ಕತ್ತರಿಸಿದ ಚಾಕುವಿನಲ್ಲೂ ಗೆರೆ ಕಾಣುತ್ತದೆ. ಅಂಥವು ಕೆಟ್ಟ ಚಾಕುಗಳೇನಲ್ಲ. ಕೈಯಲ್ಲಿ ಬಡಿದದ್ದೆಂದು ಹೇಳಿ ಮಾರುವುದು ತಪ್ಪು.

ಅವರು ಇನ್ನೊಂದನ್ನೂ ಗಮನಿಸಿದರು. ಚಾಕುಗಳು ನನ್ನ ಬೆನ್ನುಚೀಲದಲ್ಲಿ ಬರೀ ಕಾಗದದ ಚೀಲದೊಳಗೆ, ಹೊದಿಕೆಯಿಲ್ಲದೆ ಇದ್ದವು. ಇದನ್ನು ಪ್ರವಾಸ ಹೋಗುವ ಪ್ರತಿಯೊಬ್ಬರೂ ಗಮನದಲ್ಲಿಡಬೇಕು. ಜಪಾನಿನಲ್ಲಿ 1958ರ ಬಂದೂಕು ಮತ್ತು ಕತ್ತಿಗಳ ನಿಯಂತ್ರಣ ಕಾನೂನಿನ ಪ್ರಕಾರ, ಸರಿಯಾದ ಕಾರಣವಿಲ್ಲದೆ 6 ಸೆಂಟಿಮೀಟರಿಗಿಂತ ಉದ್ದನೆಯ ಅಲಗನ್ನು ಜೊತೆಯಲ್ಲಿಟ್ಟುಕೊಂಡು ತಿರುಗುವುದು ಅಪರಾಧ; ಎರಡು ವರ್ಷದವರೆಗೆ ಸೆರೆವಾಸ ಅಥವಾ 3 ಲಕ್ಷ ಯೆನ್‌ವರೆಗೆ ದಂಡ ವಿಧಿಸಬಹುದು. ಕೊಂಡ ಚಾಕುವನ್ನು ಕಟ್ಟಿಸಿಕೊಂಡು ನೇರವಾಗಿ ಕೋಣೆಗೆ ಒಯ್ಯುವುದಕ್ಕೆ ಅಡ್ಡಿಯಿಲ್ಲ. ಆದರೆ ಅದನ್ನು ಚೀಲದಲ್ಲಿಟ್ಟುಕೊಂಡು ದಿನವಿಡೀ ದೇವಾಲಯ, ಪೇಟೆ ಎಂದು ಸುತ್ತಿದರೆ ಆ ಕಾರಣ ನಿಲ್ಲುವುದು ಕಷ್ಟ. 2018ರಲ್ಲಿ ಶಿಂಕಾನ್ಸೆನ್ ಎಂಬ ಅತಿವೇಗದ ರೈಲಿನೊಳಗೆ ನಡೆದ ಚೂರಿ ಇರಿತದ ನಂತರ, ಸರಿಯಾಗಿ ಕಟ್ಟದ ಚಾಕುಗಳನ್ನು ರೈಲಿನೊಳಗೆ ತರುವುದನ್ನು 2019ರಿಂದ ನಿಷೇಧಿಸಲಾಗಿದೆ. ಕಾರ್ಯಾಗಾರದವರು ನಮಗೆ ಇದರಲ್ಲಿ ಒಂದನ್ನೂ ಹೇಳಲಿಲ್ಲ, ರಸೀದಿಯನ್ನೂ ಕೊಡಲಿಲ್ಲ. ನಾವು ಅಂದು ಕಾರ್ಯಾಗಾರದಿಂದ ನೇರವಾಗಿ ರೈಲು ಹತ್ತಿದ್ದೆವು. ಆ ಹಿರಿಯರು ಎರಡೂ ಚಾಕುಗಳನ್ನು ರಟ್ಟಿನ ನಡುವೆ ಇಟ್ಟು, ಪತ್ರಿಕೆಯ ಹಾಳೆ ಸುತ್ತಿ, ಅಂಟುಪಟ್ಟಿ ಬಿಗಿದು ಕೊಟ್ಟು, ಊರಿಗೆ ಹೊರಡುವ ದಿನ ವಿಮಾನದ ಒಳಗೆ ಒಯ್ಯುವ ಚೀಲದಲ್ಲಿ ಇಡಬೇಡಿ, ತೂಕಕ್ಕೆ ಹಾಕುವ ಪೆಟ್ಟಿಗೆಯಲ್ಲೇ ಇಡಿ ಎಂದು ಎರಡು ಸಲ ಹೇಳಿದರು. ಹಣ ತೆಗೆದುಕೊಳ್ಳಲಿಲ್ಲ.

ಪ್ರಾಮಾಣಿಕವಾಗಿ ನಡೆಯುವ ಕಾರ್ಯಾಗಾರಗಳೂ ಇವೆ ಎಂಬುದು ನನಗೆ ಗೊತ್ತು, ಆ ಜನರಿಗಾಗಿಯೇ ಇಷ್ಟು ಬರೆಯುತ್ತಿದ್ದೇನೆ. ‘ಅಲಗು ಸಿದ್ಧವಾಗಿರುತ್ತದೆ, ನೀವು ಮಸೆದು ಹಿಡಿ ಕೂರಿಸುತ್ತೀರಿ’ ಎಂದು ಮೊದಲೇ ಸ್ಪಷ್ಟವಾಗಿ ತಿಳಿಸುವ ಕಡೆ ಎರಡು ಗಂಟೆ ಕಳೆದರೆ ನಿಮಗೆ ಮೋಸವಾಗುವುದಿಲ್ಲ. ಮಸೆಯುವುದೂ ಒಂದು ವಿದ್ಯೆಯೇ. ಕುಲುಮೆಯ ಮುಂದೆಯೇ ನಿಲ್ಲಬೇಕೆಂಬ ಆಸೆಯಿದ್ದರೆ ದಿನವಿಡೀ ನಡೆಯುವ, ಮೂರು ನಾಲ್ಕು ಜನರಿಗಿಂತ ಹೆಚ್ಚು ಸೇರಿಸಿಕೊಳ್ಳದ ತರಗತಿಯನ್ನೇ ಹುಡುಕಿ. ಫುಕುಯಿ ಪ್ರಾಂತ್ಯದ ಎಚಿಜೆನ್‌ನಲ್ಲಿ, 1337ರಲ್ಲಿ ಕ್ಯೋಟೋದಿಂದ ಬಂದ ಖಡ್ಗದ ಕಮ್ಮಾರನೊಬ್ಬನಿಂದ ಈ ಕಸುಬು ಬೇರೂರಿತೆಂಬ ಹೇಳಿಕೆಯಿದೆ. ಅಲ್ಲಿನ ಕಮ್ಮಾರರು ಒಟ್ಟಾಗಿ ನಡೆಸುವ ಕೆಲಸದ ಶಾಲೆಯಲ್ಲಿ ಅವರು ನಿಜವಾಗಿ ದುಡಿಯುವುದನ್ನೇ ನಿಂತು ನೋಡಬಹುದು. 2024ರಿಂದ ಎಚಿಜೆನ್-ತಕೆಫು ನಿಲ್ದಾಣದವರೆಗೆ ಶಿಂಕಾನ್ಸೆನ್ ಹೋಗುವುದರಿಂದ ಅದೂ ಈಗ ದೂರವೇನಲ್ಲ. ಎಲ್ಲಿಯೇ ಹೋದರೂ, ನಾನು ಬಡಿದ ತುಂಡೇ ನನ್ನ ಚಾಕುವಾಗುತ್ತದೆಯೇ ಅಥವಾ ಬೇರೆಯದನ್ನು ಕೊಡುತ್ತೀರಾ ಎಂದು ಬರವಣಿಗೆಯಲ್ಲೇ ಕೇಳಿ. ಎಡಗೈಯವರಾದರೆ ಅದನ್ನೂ ತಿಳಿಸಬೇಕು, ಏಕೆಂದರೆ ಒಂದೇ ಬದಿಗೆ ಮಸೆದ ಜಪಾನಿ ಚಾಕುಗಳು ಸಾಮಾನ್ಯವಾಗಿ ಬಲಗೈಯವರಿಗೆ ಮಾಡಿದವು. ಹಿಡಿಯ ಬಾಯಿಗೆ ಹಾಕುವ ಕಪ್ಪು ಬಳೆ ಹೆಚ್ಚಿನ ಚಾಕುಗಳಲ್ಲಿ ಎಮ್ಮೆಯ ಕೊಂಬಿನದು. ಬೇಡವೆನ್ನುವ ಮನೆಯವರು ಮೊದಲೇ ಹೇಳಿದರೆ ಮರದ್ದು ಸಿಗಬಹುದು.

ಬುಕಿಂಗ್ ತಾಣಕ್ಕೆ ಬಕೆಟ್ಟಿನಲ್ಲಿದ್ದ ಪಟ್ಟಿಯ ಕಥೆಯನ್ನೂ ಅಕ್ಕನ ಕೈಯ ಚಿತ್ರವನ್ನೂ ಕಳುಹಿಸಿ ದೂರು ಕೊಟ್ಟೆವು. ಹನ್ನೊಂದು ದಿನದ ನಂತರ ಉತ್ತರ ಬಂತು: ‘ಸೇವೆ ಪೂರ್ಣಗೊಂಡಿದೆ, ವಿವರಣೆಯ ಕೊನೆಯಲ್ಲಿ ಸಿದ್ಧ ಸಾಮಗ್ರಿ ಬಳಸಬಹುದೆಂದು ತಿಳಿಸಲಾಗಿದೆ, ಹಣ ಮರಳಿಸಲಾಗದು.’ ತೆರೆದು ನೋಡಿದರೆ ‘ಇನ್ನಷ್ಟು ಓದಿ’ ಎಂಬುದನ್ನು ಒತ್ತಿದ ಮೇಲೆ ಬರುವ ಕಟ್ಟಕಡೆಯ ಸಾಲಿನಲ್ಲಿ ಆ ಮಾತು ಇದ್ದದ್ದು ನಿಜ. ಬಕೆಟ್ಟಿನಲ್ಲಿದ್ದ ನನ್ನ ಪಟ್ಟಿಯ ಚಿತ್ರವನ್ನು ಆ ಗಡಿಬಿಡಿಯಲ್ಲಿ ತೆಗೆದುಕೊಳ್ಳದೇ ಹೋದದ್ದು ನಮ್ಮ ವಾದವನ್ನು ದುರ್ಬಲಗೊಳಿಸಿತು. ಇಂಥ ಕಾರ್ಯಾಗಾರಕ್ಕೆ ಈಗಾಗಲೇ ಹಣ ಕಟ್ಟಿದವರು ಇದನ್ನು ಓದುತ್ತಿದ್ದರೆ, ಆ ಕೊನೆಯ ಸಾಲನ್ನು ಇಂದೇ ತೆರೆದು ನೋಡಿ, ಮೇಲಿನ ಪ್ರಶ್ನೆಯನ್ನು ಇಂದೇ ಬರೆದು ಕಳುಹಿಸಿ. ರದ್ದತಿಯ ಗಡುವು ಮುಗಿಯುವುದರೊಳಗೆ ನೇರ ಉತ್ತರ ಬಾರದಿದ್ದರೆ ರದ್ದು ಮಾಡಿ.